ಮಂಗಳೂರಿಗೆ ಬಂದ ಫ್ರೆಂಚ್ ಯುದ್ಧನೌಕೆ

೧೭೯೮ನೆಯ ಇಸವಿ ಏಪ್ರಿಲ್ ೨೬ರಂದು ಮೂರು ಕೂವೆಮರಗಳ ಒಂದು ಫ್ರೆಂಚ್ ಯುದ್ಧನೌಕೆಯು ಮಂಗಳೂರಿಗೆ ಬಂದಿತು. ಅದರ ಹೆಸರು ‘ಪ್ರನೋಜ್’. ‘ಹಿಡಿಯುವವಳು’ ಎಂದು ಆ ಮಾತಿನ ಅರ್ಥ. ಫ್ರಿಗೇಟ್ ಎಂಬ ನೌಕೆಯ ಜಾತಿ ಅವರ ಭಾಷೆಯಲ್ಲಿ ಸ್ತ್ರೀಲಿಂಗವಾದುದರಿಂದ ಹೆಸರೂ ಹೆಂಗಸಿನದಾಯಿತು. ಅದರಿಂದ ಟಿಪ್ಪು ಸುಲ್ತಾನನ ಇಬ್ಬರು ರಾಯಭಾರಿಗಳು ಇಳಿದರು. ಅವರ ಹಿಂದೆ ಸುಲ್ತಾನನ ಸೇವೆಗೆಂದು ಸ್ವಯಂಸೇವಕರಾಗಿ ಬಂದ ನೂರರ ಆಸುಪಾಸಿನ ಜನರು ಇಳಿದರು. ಇದಾದ ಒಂದು ವರ್ಷ ಎಂಟು ದಿನಗಳಿಗೆ, ಎಂದರೆ ೧೭೯೯ರ ಮೇ ೪ರಂದು, ಶ್ರೀರಂಗಪಟ್ಟಣದ ಕೋಟೆ ಬಿದ್ದು ಸುಲ್ತಾನನು ಮಡಿದನು.

ಇತಿಹಾಸದ ಪಾಠದಲ್ಲಿ ಈ ಸಂಗತಿ ಒಂದೇ ಸಾಲಿನಲ್ಲಿ ಮುಗಿದುಹೋಗುತ್ತದೆ. ‘ಟಿಪ್ಪುವಿಗೆ ಫ್ರೆಂಚರಿಂದ ಸಾಕಷ್ಟು ನೆರವು ದೊರೆಯಲಿಲ್ಲ’ ಎಂಬುದೇ ಆ ಸಾಲು. ಬುದ್ಧಿವಂತನಾದ ಯಾವ ವಿದ್ಯಾರ್ಥಿಯೇ ಆಗಲಿ ಅಲ್ಲಿಗೆ ತೃಪ್ತನಾಗುವುದಿಲ್ಲ. ಅಷ್ಟು ದೊಡ್ಡ ರಾಷ್ಟ್ರವು ನೂರು ಜನರನ್ನಷ್ಟೇ ಏಕೆ ಕಳುಹಿಸಿತು? ಇನ್ನೊಂದು ಸಲ ಬಂದು ಇನ್ನಷ್ಟು ಜನರನ್ನು ಏಕೆ ತರಲಿಲ್ಲ? ರಾಜಕಾರಣದ ಕಡೆಯಿಂದ ಇದಕ್ಕೆ ಹಲವು ಉತ್ತರಗಳುಂಟು. ಆದರೆ ಆ ಉತ್ತರದ ಒಂದು ಪಾಲು ಹಡಗಿನ ಮರ, ಹಗ್ಗ, ಹಾಯಿ, ತೋಪುಗಳಲ್ಲಿಯೇ ಅಡಗಿದೆ. ಆ ಪಾಲನ್ನು ವಿವರಿಸುವುದೇ ಇಲ್ಲಿಯ ಉದ್ದೇಶ.

ಪುಣೆಯ ಪೇಟೆಗಳಲ್ಲಿ ಬೆಳೆಯುವ ನಿಮಗೆ ಕಡಲು ನಿತ್ಯದ ನೋಟವಲ್ಲ. ನಾನು ಇದನ್ನು ಬರೆಯುತ್ತಿರುವ ಭೋರಿನಲ್ಲಿಯೂ ದೊಡ್ಡ ನೀರೆಂದರೆ ಭಾಟಘರದ ಜಲಾಶಯವೇ. ಆದರೂ ಇಲ್ಲಿಂದ ವರಂಧಾ ಘಾಟನ್ನಿಳಿದು ಮಹಾಡವನ್ನು ಸೇರಿದರೆ ಕೊಂಕಣ. ಅಲ್ಲಿಂದ ಮುಂದೆ ಸಾವಿತ್ರಿ ನದಿಯ ಖಾಡಿಯಲ್ಲಿ ಉಪ್ಪುನೀರು ಒಳನಾಡಿನವರೆಗೂ ಏರಿ ಬರುತ್ತದೆ. ನಮ್ಮ ಮಂಗಳೂರಿಗೂ ಈ ಕೊಂಕಣಕ್ಕೂ ತೀರ ಒಂದೇ. ಇಲ್ಲಿಯ ಘಾಟೂ ಜಲಾಶಯವೂ ಮುಂದೆ ನಮಗೆ ಉಪಮಾನಗಳಾಗಿ ಒದಗುತ್ತವೆ.

ಮೊದಲು ಹಡಗಿನ ಜಾತಿಯನ್ನು ತಿಳಿಯೋಣ. ಹದಿನೆಂಟನೆಯ ಶತಮಾನದ ಯುದ್ಧನೌಕೆಗಳಲ್ಲಿ ಮುಖ್ಯವಾಗಿ ಎರಡು ವರ್ಗಗಳು. ಒಂದು, ಸಾಲಿನ ಹಡಗು. ಕಡಲಿನ ಕದನದಲ್ಲಿ ಎರಡೂ ಪಕ್ಷದವರು ತಮ್ಮ ದೊಡ್ಡ ಹಡಗುಗಳನ್ನು ಒಂದರ ಹಿಂದೊಂದಾಗಿ ಸಾಲುಗಟ್ಟಿ ನಿಲ್ಲಿಸಿ, ಪಕ್ಕದಿಂದ ಪಕ್ಕಕ್ಕೆ ಗುಂಡು ಹಾರಿಸುತ್ತಿದ್ದರು. ಆ ಸಾಲಿನಲ್ಲಿ ನಿಲ್ಲುವ ಯೋಗ್ಯತೆಯುಳ್ಳದ್ದು ಸಾಲಿನ ಹಡಗು. ಅದಕ್ಕೆ ತೋಪುಗಳ ಎರಡು ಅಥವಾ ಮೂರು ಅಟ್ಟಗಳು. ೧೭೮೨ರಲ್ಲಿ ಕೋರಮಂಡಲ ತೀರಕ್ಕೆ ಬಂದು, ಜುಲೈ ತಿಂಗಳಲ್ಲಿ ಕಡಲೂರಿನಲ್ಲಿ ಹೈದರ್ ಅಲಿಯನ್ನು ಕಂಡ ಫ್ರೆಂಚ್ ನೌಕಾಧಿಪತಿ ಸುಫ್ರೆನನ ಸ್ವಂತ ಹಡಗು ‘ಎರೋ’ ಅಂತಹದು. ಅದರಲ್ಲಿ ೭೪ ತೋಪುಗಳಿದ್ದುವು. ಎರಡನೆಯದು ಫ್ರಿಗೇಟ್. ಅದರ ಮುಖ್ಯ ತೋಪುಗಳೆಲ್ಲ ಒಂದೇ ಅಟ್ಟದಲ್ಲಿ. ಮೇಲಿನ ಬಯಲು ಅಟ್ಟದ ಎರಡು ತುದಿಗಳಲ್ಲಿ ಕೆಲವು ಚಿಕ್ಕ ತೋಪುಗಳು. ಅದರ ಕೆಲಸ ಸಾಲಿನಲ್ಲಿ ನಿಂತು ಹೊಡೆತ ತಿನ್ನುವುದಲ್ಲ. ಮುಂದೆ ಓಡಿ ಶತ್ರುವಿನ ಸುಳಿವು ತರುವುದು, ದೂತರನ್ನೂ ಪತ್ರಗಳನ್ನೂ ಒಯ್ಯುವುದು, ಒಂಟಿಯಾಗಿ ಹೋಗುವ ವ್ಯಾಪಾರದ ಹಡಗುಗಳನ್ನು ಹಿಡಿಯುವುದು, ತನಗಿಂತ ಬಲವಾದುದು ಕಂಡರೆ ತಪ್ಪಿಸಿಕೊಳ್ಳುವುದು. ಆನೆಗೂ ಕುದುರೆಗೂ ಇರುವ ಭೇದವೆಂದರೆ ಹೆಚ್ಚು ತಪ್ಪಾಗಲಾರದು.

ಈ ಕುದುರೆಯ ಜಾತಿಯನ್ನು ಹದಮಾಡಿದವರು ಫ್ರೆಂಚರು. ೧೭೪೧ರಲ್ಲಿ ಬ್ರೆಸ್ಟ್ ಬಂದರಿನಲ್ಲಿ ಕಟ್ಟಿದ ‘ಮೇದೇ’ ಎಂಬುದನ್ನು ನಿಜವಾದ ಫ್ರಿಗೇಟುಗಳ ಮೂಲವೆಂದು ಹೇಳುತ್ತಾರೆ. ಅದರ ಹಿಂದಿನ ಯುಕ್ತಿ ಬಹಳ ಸರಳ, ಆದರೆ ಬಹಳ ಒಳ್ಳೆಯ ಯುಕ್ತಿ. ಹಳೆಯ ಸಣ್ಣ ಯುದ್ಧನೌಕೆಗಳಲ್ಲಿ ಕೆಳಗಿನ ಅಟ್ಟದಲ್ಲಿಯೂ ಕೆಲವು ತೋಪುಗಳನ್ನಿಡುತ್ತಿದ್ದರು. ಆ ಅಟ್ಟ ನೀರಿಗೆ ತೀರ ಸಮೀಪ. ಗಾಳಿ ಬಲವಾಗಿ ಹಡಗು ಒಂದು ಕಡೆಗೆ ವಾಲಿದರೆ ತೋಪುಗಂಡಿಗಳ ಮುಚ್ಚಳಗಳನ್ನು ತೆರೆಯುವುದೇ ಅಪಾಯ. ತೆರೆದರೆ ಕಡಲೇ ಒಳಗೆ ನುಗ್ಗುವುದು. ಆದುದರಿಂದ ಹೊಸ ನಮೂನೆಯಲ್ಲಿ ಕೆಳಗಿನ ಅಟ್ಟವನ್ನು ತೋಪಿಲ್ಲದೆ ಬಿಟ್ಟು, ಅದನ್ನು ನೀರಿನ ಮಟ್ಟಕ್ಕೇ ಇಳಿಸಿ, ನಾವಿಕರಿಗೆ ಮಲಗುವ ಜಾಗ ಮಾಡಿದರು. ತೋಪುಗಳೆಲ್ಲ ಅದರ ಮೇಲಿನ ಅಟ್ಟಕ್ಕೆ ಏರಿದುವು. ಎತ್ತರದಲ್ಲಿರುವುದರಿಂದ ಎಂತಹ ಒರಟು ಕಡಲಿನಲ್ಲಿಯೂ ಅವನ್ನು ಉಪಯೋಗಿಸಬಹುದು. ಈ ಮಾತನ್ನು ನೆನಪಿನಲ್ಲಿಡಿ. ಪ್ರನೋಜಿನ ಕಥೆಯಲ್ಲಿ ಇದು ಮತ್ತೆ ಬರುತ್ತದೆ.

ಫ್ರೆಂಚರಲ್ಲಿ ಹಡಗು ಕಟ್ಟುವುದು ಬಡಗಿಯ ಕೈಗುಣಕ್ಕಷ್ಟೇ ಬಿಟ್ಟ ಕೆಲಸವಾಗಿರಲಿಲ್ಲ. ೧೭೪೧ರಲ್ಲಿಯೇ ದ್ಯುಅಮೆಲ್ ದ್ಯು ಮೋನ್ಸೋ ಎಂಬ ವಿದ್ವಾಂಸನು ಹಡಗು ರಚನಕಾರರಿಗೆಂದು ಪ್ಯಾರಿಸಿನಲ್ಲಿ ಒಂದು ಶಾಲೆಯನ್ನು ತೆರೆದನು. ೧೭೪೬ರಲ್ಲಿ ಪಿಯರ್ ಬುಗೇರ್ ಎಂಬ ಗಣಿತಜ್ಞನು ಹಡಗಿನ ರಚನೆಯನ್ನು ಕುರಿತು ಒಂದು ಗ್ರಂಥವನ್ನು ಪ್ರಕಟಿಸಿ, ವಾಲಿದ ಹಡಗು ಮತ್ತೆ ನೆಟ್ಟಗಾಗುವುದೇ ಇಲ್ಲವೆ ಮಗುಚುವುದೇ ಎಂಬುದನ್ನು ಲೆಕ್ಕದಿಂದ ಮೊದಲೇ ತಿಳಿಯುವ ದಾರಿಯನ್ನು ತೋರಿಸಿದನು. ಹಡಗು ವಾಲಿದಾಗ ನೀರು ಅದನ್ನು ಮೇಲಕ್ಕೊತ್ತುವ ಬಲದ ರೇಖೆಯು ಹಡಗಿನ ನಡುರೇಖೆಯನ್ನು ಒಂದು ಬಿಂದುವಿನಲ್ಲಿ ಕತ್ತರಿಸುತ್ತದೆ. ಆ ಬಿಂದುವು ಹಡಗಿನ ಭಾರಕೇಂದ್ರಕ್ಕಿಂತ ಮೇಲಿದ್ದರೆ ಹಡಗು ನೆಟ್ಟಗಾಗುವುದು, ಕೆಳಗಿದ್ದರೆ ಮಗುಚುವುದು. ತೋಪುಗಳನ್ನು ಎಷ್ಟು ಎತ್ತರಕ್ಕೆ ಏರಿಸಬಹುದು, ಹಡಗಿನ ಹೊಟ್ಟೆಯೊಳಗೆ ಎಷ್ಟು ಕಲ್ಲು ಕಬ್ಬಿಣದ ಭಾರವನ್ನು ತುಂಬಬೇಕು ಎಂಬ ಪ್ರಶ್ನೆಗಳಿಗೆಲ್ಲ ಇದರಿಂದ ಉತ್ತರ ದೊರೆಯುತ್ತಿತ್ತು. ಯಾವ ಗಣಿತವನ್ನು ನೀವು ನಿರುಪಯೋಗಿಯೆಂದು ಗೊಣಗುತ್ತೀರೋ ಅದರ ಮೇಲೆಯೇ ಮುನ್ನೂರು ಜನರ ಪ್ರಾಣ ನಿಂತಿತ್ತು ನೋಡಿ.

ಪ್ರನೋಜ್ ೧೭೯೫ರಲ್ಲಿ ಫ್ರಾನ್ಸಿನ ಪಶ್ಚಿಮ ತೀರದ ರೋಷ್‌ಫೋರ್ ಎಂಬಲ್ಲಿ ನೀರಿಗಿಳಿಯಿತು. ಶಾರಾಂತ್ ನದಿಯ ದಡದ ಆ ಊರು ೧೬೬೬ರಲ್ಲಿ ಯುದ್ಧನೌಕೆಗಳನ್ನು ಕಟ್ಟುವ ಸಲುವಾಗಿಯೇ ಹುಟ್ಟಿದ ಊರು. ಅಲ್ಲಿ ಹಗ್ಗ ಹೊಸೆಯುವ ಕಟ್ಟಡವೊಂದೇ ೩೭೪ ಮೀಟರ್ ಉದ್ದ. ಹಡಗಿನ ಹಗ್ಗವನ್ನು ನಡುವೆ ಗಂಟು ಹಾಕದೆ ಒಂದೇ ಸಮನಾಗಿ ಹೊಸೆಯಬೇಕಾದುದರಿಂದ ಅಷ್ಟು ಉದ್ದದ ಮನೆ ಬೇಕಾಯಿತು. ಅದು ಇಂದಿಗೂ ನಿಂತಿದೆ.

ಈ ಜಾತಿಯ ಫ್ರಿಗೇಟಿನ ಅಳತೆ ಸುಮಾರು ೪೬ ಮೀಟರ್ ಉದ್ದ, ೧೨ ಮೀಟರ್ ಅಗಲ. ನೀರಿನೊಳಗೆ ಮುಳುಗಿರುವ ಭಾಗ ಐದು ಮೀಟರಿಗೂ ಹೆಚ್ಚು. ಕೆಳಗೆ ಉದ್ದಕ್ಕೂ ಬೆನ್ನುಮರ; ಅದರಿಂದ ಎರಡು ಕಡೆಗೂ ಎದ್ದ ಪಕ್ಕೆಮರಗಳು; ಅವುಗಳ ಮೇಲೆ ಹೊರಗೂ ಒಳಗೂ ಹಲಗೆ. ಪಶುವಿನ ಅಸ್ಥಿಪಂಜರವನ್ನು ನೋಡಿದವರಿಗೆ ಇದನ್ನು ಬೇರೆ ವಿವರಿಸಬೇಕಾಗಿಲ್ಲ. ಫ್ರೆಂಚ್ ರಚನಕಾರರು ತಮ್ಮ ಹಡಗುಗಳನ್ನು ಇಂಗ್ಲಿಷರವಕ್ಕಿಂತ ಉದ್ದವಾಗಿ, ಮೂತಿಯನ್ನು ಚೂಪಾಗಿ, ಮರಗಳನ್ನು ತುಸು ತೆಳುವಾಗಿ ಮಾಡುತ್ತಿದ್ದರು. ಇದರಿಂದ ವೇಗ ಹೆಚ್ಚಿತು. ಆದರೆ ಇದಕ್ಕೆ ತೆರಬೇಕಾದ ಬೆಲೆಯೂ ಉಂಟು. ಹಡಗಿನ ನಡುಭಾಗ ದಪ್ಪ. ಅಲ್ಲಿ ನೀರಿನ ಆಸರೆ ಹೆಚ್ಚು. ತುದಿಗಳು ಚೂಪು, ಅಲ್ಲಿ ಆಸರೆ ಕಡಿಮೆ. ಆದರೂ ತೋಪುಗಳ ಭಾರ ತುದಿಗಳ ಮೇಲೆಯೂ ಇದೆ. ಉದ್ದವಾದ ಒದ್ದೆ ಬಿದಿರನ್ನು ನಡುವೆ ಮುಷ್ಟಿಯ ಮೇಲಿಟ್ಟರೆ ಎರಡು ತುದಿಗಳೂ ಹೇಗೆ ಜೋಲುತ್ತವೆಯೋ, ಹಾಗೆ ವರ್ಷ ಕಳೆದಂತೆ ಹಡಗಿನ ಬೆನ್ನು ಬಾಗುತ್ತಿತ್ತು. ಸಂಧಿಗಳು ಸಡಿಲಿ ನೀರು ಸೋರುತ್ತಿತ್ತು. ಅಂತಹ ಹಡಗಿಗೆ ಮೇಲಿಂದ ಮೇಲೆ ದುರಸ್ತಿ ಬೇಕು. ದುರಸ್ತಿಗೆ ಮರ, ಹಗ್ಗ, ಕುಶಲ ಕೆಲಸಗಾರರಿರುವ ಬಂದರು ಬೇಕು. ಹಿಂದೂ ಮಹಾಸಾಗರದಲ್ಲಿ ಫ್ರೆಂಚರಿಗೆ ಅಂತಹ ಆಸರೆ ಎನ್ನಬಹುದಾದುದು ಈಲ್ ದ ಫ್ರಾನ್ಸ್ ದ್ವೀಪವೊಂದೇ. ಇಂದಿನ ಮಾರಿಷಸ್ ಅದು.

ಉಷ್ಣವಲಯದ ಕಡಲಿನಲ್ಲಿ ಇನ್ನೊಂದು ಶತ್ರು ಹಡಗುಹುಳು. ಮರವನ್ನು ಕೊರೆದು ಜೇನುಗೂಡಿನಂತೆ ಮಾಡಿಬಿಡುತ್ತದೆ. ಜೊತೆಗೆ ಪಾಚಿ, ಚಿಪ್ಪುಗಳು ಅಡಿಗೆ ಅಂಟಿ ವೇಗವನ್ನು ತಗ್ಗಿಸುತ್ತವೆ. ಇದಕ್ಕಾಗಿ ಆ ಶತಮಾನದ ಕೊನೆಯ ಭಾಗದಲ್ಲಿ ಯುದ್ಧನೌಕೆಗಳ ತಳಕ್ಕೆ ತಾಮ್ರದ ತಗಡನ್ನು ಹೊಡೆಯುವ ರೂಢಿ ಬಂದಿತು.

ಇನ್ನು ಹಾಯಿಗಳ ವಿಷಯ. ಮೂರು ಕೂವೆಮರಗಳು, ಒಂದೊಂದಕ್ಕೂ ಅಡ್ಡಮರಗಳು, ಅವುಗಳಿಂದ ಇಳಿಬಿಟ್ಟ ಚೌಕದ ಹಾಯಿಗಳು. ಹಿಂದಿನಿಂದಲೋ ಪಕ್ಕದಿಂದಲೋ ಗಾಳಿ ಬೀಸಿದರೆ ಹಡಗು ಸುಖವಾಗಿ ಓಡುವುದು. ಹೋಗಬೇಕಾದ ದಿಕ್ಕಿನಿಂದಲೇ ಗಾಳಿ ಎದುರಾದರೆ? ಭೋರಿನಿಂದ ವರಂಧಾ ಘಾಟಿನಲ್ಲಿ ಬಸ್ಸು ಹೋಗುವುದನ್ನು ನೋಡಿದವರಿಗೆ ಉತ್ತರ ಹೊಳೆಯಬೇಕು. ಬಸ್ಸು ಗುಡ್ಡದ ಎದೆಗೆ ನೆಟ್ಟಗೆ ಏರುವುದಿಲ್ಲ. ಬಲಕ್ಕೊಮ್ಮೆ ಎಡಕ್ಕೊಮ್ಮೆ ತಿರುವುಗಳನ್ನು ಹಿಡಿದು ಏರುತ್ತದೆ. ಹಡಗೂ ಹಾಗೆಯೇ ಗಾಳಿಗೆ ಓರೆಯಾಗಿ ಬಲಕ್ಕಷ್ಟು ದೂರ, ಎಡಕ್ಕಷ್ಟು ದೂರ ಹೋಗಿ, ಹತ್ತು ಮೈಲಿ ಮುಂದುವರಿಯಲು ಮೂವತ್ತು ಮೈಲಿ ಓಡಬೇಕಾಗಬಹುದು. ಚೌಕದ ಹಾಯಿಯ ಹಡಗು ಗಾಳಿಯ ದಿಕ್ಕಿಗೆ ಅರವತ್ತೇಳು ಡಿಗ್ರಿಗಿಂತ ಹೆಚ್ಚು ಸಮೀಪಿಸುವುದು ಕಷ್ಟ. ಬಸ್ಸಿಗಿಲ್ಲದ ಇನ್ನೊಂದು ತೊಡಕು ಹಡಗಿಗಿದೆ: ಗುಡ್ಡ ತನ್ನ ಜಾಗದಲ್ಲಿ ನಿಂತಿರುತ್ತದೆ, ಗಾಳಿ ನಿಲ್ಲುವುದಿಲ್ಲ. ಭಾಟಘರದ ದಂಡೆಯಲ್ಲಿ ಅರ್ಧ ತಾಸು ನಿಂತು ಅಲೆಗಳ ದಿಕ್ಕನ್ನು ಗಮನಿಸಿದರೆ ಸಾಕು, ಗಾಳಿಯ ಚಂಚಲತೆ ತಿಳಿಯುತ್ತದೆ.

ತೋಪುಗಳ ಲೆಕ್ಕ ಹೀಗೆ. ಈ ಬಗೆಯ ದೊಡ್ಡ ಫ್ರಿಗೇಟುಗಳ ಮುಖ್ಯ ಅಟ್ಟದಲ್ಲಿ ಸಾಮಾನ್ಯವಾಗಿ ೨೬ ಅಥವಾ ೨೮ ತೋಪುಗಳು. ಅವು ಹದಿನೆಂಟು ಪೌಂಡಿನವು, ಎಂದರೆ ಫ್ರೆಂಚ್ ತೂಕದಲ್ಲಿ ೧೮ ಪೌಂಡಿನ ಗುಂಡನ್ನು ಹಾರಿಸತಕ್ಕವು. ನಮ್ಮ ಲೆಕ್ಕದಲ್ಲಿ ಒಂದು ಗುಂಡು ಸುಮಾರು ೮.೮ ಕಿಲೋಗ್ರಾಂ. ತೋಪಿನ ತೂಕವೇ ಎರಡು ಟನ್ನಿನಷ್ಟು. ಒಂದು ಪಕ್ಕದ ಹದಿನಾಲ್ಕು ತೋಪುಗಳು ಒಮ್ಮೆಲೆ ಹಾರಿದರೆ ೧೨೩ ಕಿಲೋಗ್ರಾಂ ಕಬ್ಬಿಣ. ಒಂದೊಂದು ತೋಪನ್ನು ಎಳೆದು, ತುಂಬಿ, ಮತ್ತೆ ದೂಡಲು ಹತ್ತು ಹನ್ನೆರಡು ಆಳು ಬೇಕು. ಹಾಯಿಗಳನ್ನು ನಿರ್ವಹಿಸಲು ಬೇರೆ ಜನ. ಹೀಗೆ ನೌಕೆಯಲ್ಲಿ ಮುನ್ನೂರರಷ್ಟು ಜನರಿರುವರು.

ಈಗ ನಾವೊಂದು ಲೆಕ್ಕ ಮಾಡೋಣ. ಅಡಿಗೆಗೂ ಕುಡಿಯುವುದಕ್ಕೂ ಸೇರಿ ಒಬ್ಬನಿಗೆ ದಿನಕ್ಕೆ ಮೂರು ಲೀಟರ್ ನೀರೆಂದು ಹಿಡಿಯಿರಿ. ಮುನ್ನೂರು ಜನರಿಗೆ ನೂರು ದಿನಗಳಿಗೆ ತೊಂಬತ್ತು ಸಾವಿರ ಲೀಟರ್. ತೂಕದಲ್ಲಿ ತೊಂಬತ್ತು ಟನ್. ಇದಕ್ಕೆ ರೊಟ್ಟಿ, ಉಪ್ಪುಮಾಂಸ, ಸೌದೆ, ಮದ್ದು, ಗುಂಡು, ಬಿಡಿ ಹಗ್ಗ, ಬಿಡಿ ಹಾಯಿ ಸೇರಿಸಿ. ೪೬ ಮೀಟರ್ ಉದ್ದದ ಹೊಟ್ಟೆಯೊಳಗೆ ಇಷ್ಟೆಲ್ಲ ತುಂಬಿದ ಮೇಲೆ ನೂರು ಸೈನಿಕರನ್ನು ಹತ್ತಿಸಿಕೊಳ್ಳುವುದೇ ದೊಡ್ಡ ಮಾತು. ಅದೇ ಪ್ರಮಾಣದಲ್ಲಿ ಐದು ಸಾವಿರ ಸೈನಿಕರನ್ನು ತರಬೇಕೆಂದರೆ ಇಂತಹ ಐವತ್ತು ಫ್ರಿಗೇಟುಗಳು ಬೇಕು. ಸೈನ್ಯವನ್ನು ಸಾಗಿಸುವುದಕ್ಕೆ ಬೇರೆಯೇ ಹಡಗುಗಳಿರಬೇಕು. ಅವುಗಳನ್ನು ಕಾಯಲು ಸಾಲಿನ ಹಡಗುಗಳಿರಬೇಕು. ಓಡುವುದಕ್ಕೆಂದು ಕಟ್ಟಿದುದು ಹೊರುವುದಕ್ಕೆ ಒದಗುವುದಿಲ್ಲ.

ಸುಲ್ತಾನನಿಗೆ ಬೇಕಾಗಿದ್ದುದು ಹೊರುವ ಹಡಗೇ. ೧೭೯೨ರ ಒಪ್ಪಂದದಲ್ಲಿ ಮಲಬಾರು ಅವನ ಕೈಬಿಟ್ಟಿತ್ತು; ಮಂಗಳೂರು ಮತ್ತು ಕನ್ನಡ ಜಿಲ್ಲೆಯ ತೀರ ಮಾತ್ರ ಉಳಿದಿತ್ತು. ೧೭೯೭ರಲ್ಲಿ ರಿಪೋ ಎಂಬ ಫ್ರೆಂಚ್ ಕಡಲುದಾಳಿಗಾರನು ಮುರುಕು ಹಡಗಿನಲ್ಲಿ ಮಂಗಳೂರಿಗೆ ಬಂದು, ಈಲ್ ದ ಫ್ರಾನ್ಸಿನಲ್ಲಿ ಸುಲ್ತಾನನಿಗಾಗಿ ಭಾರಿ ಸೈನ್ಯ ಕಾದಿದೆಯೆಂದು ಹೇಳಿದನು. ನಂಬಿದ ಸುಲ್ತಾನನು ಇಬ್ಬರು ರಾಯಭಾರಿಗಳನ್ನು ಗುಟ್ಟಾಗಿ ಕಳುಹಿಸಿದನು. ಅವರು ೧೭೯೮ರ ಜನವರಿಯಲ್ಲಿ ಅಲ್ಲಿಗೆ ಮುಟ್ಟಿ ನೋಡಿದರೆ ಸೈನ್ಯವೂ ಇಲ್ಲ, ಸನ್ನಾಹವೂ ಇಲ್ಲ. ದ್ವೀಪದ ಅಧಿಪತಿ ಮಲಾರ್ತಿಕ್ ಅವರನ್ನು ಬಹಿರಂಗವಾಗಿಯೇ ಸ್ವಾಗತಿಸಿ, ಜನವರಿ ೩೦ರಂದು, ಟಿಪ್ಪುವಿನ ಸೇವೆಗೆ ಸೇರುವವರು ಹೆಸರು ಕೊಡಬಹುದೆಂದು ಅಚ್ಚುಹಾಕಿದ ಪ್ರಕಟಣೆಯನ್ನು ಹೊರಡಿಸಿದನು. ಗುಟ್ಟಿನ ರಾಯಭಾರವನ್ನು ಡಂಗುರ ಹೊಡೆಸಿದ ಈ ಅಧಿಪತಿಯ ಬುದ್ಧಿಯನ್ನು ಏನೆನ್ನಬೇಕೋ! ಶತ್ರುವಾದವನೂ ಇಷ್ಟು ಕೇಡು ಮಾಡಲಾರನು.

ಮಾರ್ಚ್ ೭ರಂದು ಪ್ರನೋಜ್ ಹೊರಟಿತು. ಅದರ ಕಪ್ತಾನ ಲೆರ್ಮಿತ್, ಮೂವತ್ತೊಂದರ ಹರೆಯದ ಧೀರ. ನಾಲ್ಕು ಸಾವಿರ ಕಿಲೋಮೀಟರಿಗೂ ಮಿಗಿಲಾದ ದಾರಿಯನ್ನು ಕಳೆಯಲು ಐವತ್ತು ದಿನ ಹಿಡಿಯಿತು. ಏಪ್ರಿಲ್ ೨೦ರ ಸುಮಾರಿಗೆ ತಲಚೇರಿಯ ಮುಂದೆ ಇಂಗ್ಲಿಷ್ ಕಂಪೆನಿಯ ‘ವುಡ್‌ಕಾಟ್’, ‘ರೇಮಂಡ್’ ಎಂಬ ಎರಡು ದೊಡ್ಡ ವ್ಯಾಪಾರದ ಹಡಗುಗಳು ಕಂಡುವು. ಕಪ್ತಾನನು ಎರಡನ್ನೂ ಹಿಡಿದನು. ಫ್ರಿಗೇಟಿನ ಧರ್ಮಕ್ಕೆ ಇದು ಸಹಜ. ಹೆಸರಿಗೂ ಒಪ್ಪುವ ಕೆಲಸ. ಆದರೆ ಇಂಗ್ಲಿಷರ ಕೋಟೆಯ ಕಣ್ಣೆದುರಿಗೆ ಹೀಗೆ ಮಾಡಿದ ಹಡಗು ಎಲ್ಲಿಂದ ಬಂದಿತು, ಎಲ್ಲಿಗೆ ಹೋಯಿತೆಂಬುದು ಇನ್ನು ಮುಚ್ಚಿಡುವ ಸಂಗತಿಯಾಗಿ ಉಳಿಯಲಿಲ್ಲ.

ಮಂಗಳೂರಿನಲ್ಲಿ ಇಳಿಸಬೇಕಾದವರನ್ನು ಇಳಿಸಿದ ಮೇಲೆ ನೌಕೆಯು ಅಲ್ಲಿ ನಿಲ್ಲುವಂತಿರಲಿಲ್ಲ. ನೇತ್ರಾವತಿಯೂ ಗುರುಪುರದ ಹೊಳೆಯೂ ಕಡಲನ್ನು ಸೇರುವ ಅಳಿವೆಗೆ ಅಡ್ಡಲಾಗಿ ಮರಳಿನ ದಿಣ್ಣೆಯಿತ್ತು. ಪತ್ತೆಮಾರಿಗಳು ಅದನ್ನು ದಾಟಿ ಒಳಗೆ ಬರಬಹುದು. ಐದು ಮೀಟರಿಗೂ ಹೆಚ್ಚು ನೀರು ಬೇಕಾದ ಫ್ರಿಗೇಟು ಹೊರಗಿನ ಬಯಲು ಕಡಲಿನಲ್ಲಿಯೇ ನಿಲ್ಲಬೇಕು. ಅದೂ ಏಪ್ರಿಲ್ ಕಡೆಯ ವಾರ. ಇನ್ನು ಒಂದೂವರೆ ತಿಂಗಳೊಳಗೆ ನೈರುತ್ಯ ಮಾರುತ ಎದ್ದರೆ ಆ ತೀರವೆಲ್ಲ ಹಡಗುಗಳಿಗೆ ಮೃತ್ಯು. ಬೇಸಗೆಯಲ್ಲಿ ಬಂದ ನೆರವು ಮಳೆಗಾಲಕ್ಕೆ ಮೊದಲೇ ಹಿಂದಿರುಗಬೇಕು. ಮಳೆಗಾಲ ಕಳೆಯುವವರೆಗೆ ಇನ್ನೊಂದು ನೆರವು ಬರುವಂತಿಲ್ಲ. ನಮ್ಮ ಕರಾವಳಿಯ ರೈತನು ನಂಬಿ ಬಾಳುವ ಮಳೆಯೇ ಶ್ರೀರಂಗಪಟ್ಟಣದ ಬಾಗಿಲನ್ನು ಹೊರಗಿನಿಂದ ಮುಚ್ಚಿತು.

ಇತ್ತ ಮೇ ತಿಂಗಳಲ್ಲಿ ಕಲ್ಕತ್ತೆಗೆ ಹೊಸ ಗವರ್ನರ್ ಜನರಲ್ ಆಗಿ ಮಾರ್ನಿಂಗ್ಟನ್ ಬಂದನು. ಇವನೇ ಮುಂದೆ ವೆಲ್ಲೆಸ್ಲಿಯೆಂದು ಪ್ರಸಿದ್ಧನಾದವನು. ಜೂನ್ ತಿಂಗಳಲ್ಲಿ ಮಲಾರ್ತಿಕನ ಪ್ರಕಟಣೆಯ ಪ್ರತಿ ಅವನ ಕೈಸೇರಿತು. ನೂರು ಜನರಿಂದ ಕಂಪೆನಿಯ ರಾಜ್ಯಕ್ಕೆ ಅಪಾಯವಿಲ್ಲವೆಂಬುದು ಅವನಿಗೆ ತಿಳಿಯದೆ ಇರಲಿಲ್ಲ; ಆದರೆ ಯುದ್ಧಕ್ಕೆ ಕಾರಣವೊಂದು ಬೇಕಾಗಿತ್ತು, ಅದು ಅಚ್ಚಾಗಿಯೇ ಬಂದಿತು. ಆಗಸ್ಟ್ ೧ರಂದು ಈಜಿಪ್ಟಿನ ತೀರದಲ್ಲಿ ನೆಲ್ಸನ್ನನು ನೆಪೋಲಿಯನ್ನನ ನೌಕಾಬಲವನ್ನು ನಾಶಪಡಿಸಿದ ಮೇಲೆ, ಆ ದಿಕ್ಕಿನಿಂದ ನೆರವು ಬರಬಹುದೆಂಬ ಆಸೆಗೂ ನೆಲೆಯಿಲ್ಲದಾಯಿತು.

ಇಂತಹ ನಾಟಕದ ಒಂದು ಚಿಕ್ಕ ಅಂಕ ಪುಣೆಯಲ್ಲಿಯೇ ಹಿಂದೆ ನಡೆದಿತ್ತು. ೧೭೭೭ರಲ್ಲಿ ಸೇಂಟ್ ಲುಬಿನ್ ಎಂಬ ಫ್ರೆಂಚನು ‘ಸಾರ್ತಿನ್’ ಎಂಬ ಹಡಗಿನಲ್ಲಿ ಕೊಂಕಣದ ಚೌಲಿಗೆ ಬಂದಿಳಿದು, ಘಾಟು ಹತ್ತಿ ಪೇಶವೆಯ ದರಬಾರಿಗೆ ಹೋದನು. ನಾನಾ ಫಡ್ನವೀಸನು ಅವನಿಗೆ ಆದರ ತೋರಿಸಿದನು. ಒಬ್ಬ ಮನುಷ್ಯ, ಒಂದು ಹಡಗು. ಅಷ್ಟಕ್ಕೇ ಇಂಗ್ಲಿಷರು ಎಷ್ಟು ಗಾಬರಿಗೊಂಡರೆಂದರೆ, ಮರಾಠರ ಮೇಲೆ ಅವರು ಹೂಡಿದ ಮೊದಲ ಯುದ್ಧ ಮುಂದುವರಿಯಲು ಅದೂ ಒಂದು ಕಾರಣವಾಯಿತು. ಪುಣೆಯವರು ಆ ಯುದ್ಧದಲ್ಲಿ ಉಳಿದುಕೊಂಡರು. ಮೈಸೂರಿಗೆ ಆ ಭಾಗ್ಯವಿರಲಿಲ್ಲ.

ಮೈಸೂರಿಗೆ ಸ್ವಂತ ನೌಕೆಗಳಿರಲಿಲ್ಲವೆ ಎಂದು ಕೇಳಬಹುದು. ಇದ್ದುವು. ಹೈದರನು ಮಂಗಳೂರಿನಲ್ಲಿ ಹಡಗುಗಳನ್ನು ಕಟ್ಟಿಸಿದ್ದನು. ೧೭೮೦ರ ಡಿಸೆಂಬರಿನಲ್ಲಿ ಇಂಗ್ಲಿಷ್ ನೌಕಾಧಿಪತಿ ಹ್ಯೂಸ್ ಬಂದು ಅಲ್ಲಿ ನಿಂತಿದ್ದವನ್ನು ನಾಶಪಡಿಸಿದನು. ಟಿಪ್ಪು ತನ್ನ ಕಡೆಯ ವರ್ಷಗಳಲ್ಲಿ ಇಪ್ಪತ್ತು ಸಾಲಿನ ಹಡಗು, ಇಪ್ಪತ್ತು ಫ್ರಿಗೇಟುಗಳ ಒಂದು ದೊಡ್ಡ ಯೋಜನೆಯನ್ನು ಹಾಕಿ, ಮಂಗಳೂರು ಮೊದಲಾದ ಕಡೆಗಳಲ್ಲಿ ಕಟ್ಟೆಗಳನ್ನು ಗೊತ್ತುಮಾಡಿ, ಅದರ ಆಡಳಿತಕ್ಕೆ ಹನ್ನೊಂದು ಜನರ ಮಂಡಲಿಯನ್ನೂ ನೇಮಿಸಿದನು. ಮರಕ್ಕೆ ಕೊರತೆಯಿರಲಿಲ್ಲ, ಘಟ್ಟದ ತೇಗಕ್ಕಿಂತ ಉತ್ತಮವಾದ ಹಡಗುಮರ ಜಗತ್ತಿನಲ್ಲಿ ವಿರಳ. ಕೊರತೆಯಾದುದು ಕಾಲ. ಕಾಡನ್ನು ಕಡಿದು, ಮರವನ್ನು ಒಣಗಿಸಿ, ಹಡಗನ್ನು ಕಟ್ಟಿ, ಜನರನ್ನು ಪಳಗಿಸುವುದು ಹತ್ತಾರು ವರ್ಷಗಳ ಕೆಲಸ. ಸುಲ್ತಾನನಿಗೆ ಅಷ್ಟು ವರ್ಷಗಳು ಉಳಿದಿರಲಿಲ್ಲ.

ಪ್ರನೋಜ್ ಆಮೇಲೆ ಏನಾಯಿತು? ಪೂರ್ವದ್ವೀಪಗಳ ಕಡೆಗೆ ಹೋಯಿತು. ೧೭೯೯ರ ಜನವರಿಯಲ್ಲಿ ಚೀಣದ ಮಕಾವ್ ಬಂದರಿನವರೆಗೂ ತಲಪಿತು. ತಿರುಗಿ ಬಂದು, ಆಫ್ರಿಕದ ದಕ್ಷಿಣ ತೀರಕ್ಕೆ ಹೊರಟು, ಸೆಪ್ಟೆಂಬರ್ ೨೦ರಂದು ಆಲ್ಗೋವಾ ಕೊಲ್ಲಿಯಲ್ಲಿ ಎರಡು ಇಂಗ್ಲಿಷ್ ಹಡಗುಗಳೊಡನೆ ರಾತ್ರಿಯೆಲ್ಲ ಹೋರಾಡಿ, ಫಲವಿಲ್ಲದೆ ಹಿಂದೆಗೆಯಿತು. ಅಕ್ಟೋಬರಿನಲ್ಲಿ ‘ಜುಪಿಟರ್’ ಎಂಬ ಇಂಗ್ಲಿಷ್ ನೌಕೆ ಬೆನ್ನುಹತ್ತಿತು. ಅದಕ್ಕೆ ಎರಡು ಅಟ್ಟಗಳಲ್ಲಿ ಐವತ್ತು ತೋಪುಗಳು. ಕಾಗದದ ಮೇಲಿನ ಲೆಕ್ಕದಲ್ಲಿ ಪ್ರನೋಜ್ ಸೋಲಬೇಕು. ಆದರೆ ಆ ದಿನ ಕಡಲು ಎದ್ದಿತ್ತು. ಜುಪಿಟರಿನ ಭಾರಿ ತೋಪುಗಳೆಲ್ಲ ಕೆಳಗಿನ ಅಟ್ಟದಲ್ಲಿ. ಗಂಡಿಗಳನ್ನು ತೆರೆದರೆ ಅಲೆ ಒಳಗೆ ನುಗ್ಗುತ್ತಿತ್ತು. ಪ್ರನೋಜಿನ ತೋಪುಗಳೋ ಎತ್ತರದಲ್ಲಿ, ಒಣಗಿ, ಸಿದ್ಧವಾಗಿ ನಿಂತಿದ್ದುವು. ಲೆರ್ಮಿತ್ ಚುಕ್ಕಾಣಿಯನ್ನು ತಿರುಗಿಸಿ ಶತ್ರುವಿನ ಹಿಂಭಾಗಕ್ಕೆ ಬಂದು ಉದ್ದಕ್ಕೂ ಗುಂಡು ಸುರಿಸಿದನು. ಜುಪಿಟರ್ ಹಾಯಿಹಗ್ಗಗಳು ಹರಿದು ಹಿಂದಿರುಗಿತು. ಐವತ್ತೆಂಟು ವರ್ಷಗಳ ಹಿಂದೆ ಬ್ರೆಸ್ಟಿನ ರಚನಕಾರರು ಮಾಡಿದ ಯುಕ್ತಿ ಅಂದು ತನ್ನ ಬೆಲೆಯನ್ನು ತೋರಿಸಿತು.

ಅದೇ ವರ್ಷದ ಡಿಸೆಂಬರ್ ೧೧ರಂದು, ರಕ್ತಪಿತ್ತ ರೋಗದಿಂದ ಜರ್ಝರಿತರಾದ ನಾವಿಕರನ್ನು ಹೊತ್ತು ನೌಕೆಯು ಈಲ್ ದ ಫ್ರಾನ್ಸಿಗೆ ಮರಳಿ ಬರುತ್ತಿತ್ತು. ಈ ರೋಗ ತಾಜಾ ಹಣ್ಣುಕಾಯಿಗಳಿಲ್ಲದೆ ತಿಂಗಳುಗಟ್ಟಲೆ ಕಡಲಿನಲ್ಲಿರುವವರಿಗೆ ಬರತಕ್ಕದ್ದು. ಬಂದರಿನ ಬಾಯಲ್ಲಿ ೭೪ ತೋಪುಗಳ ‘ಟ್ರೆಮೆಂಡಸ್’, ೫೦ ತೋಪುಗಳ ‘ಆಡಮಂಟ್’ ಎಂಬ ಎರಡು ಇಂಗ್ಲಿಷ್ ನೌಕೆಗಳು ಕಾದಿದ್ದುವು. ದಡ ಸಮೀಪ, ಗಾಳಿ ಒದಗಲಿಲ್ಲ, ಓಡಲು ಎಡೆಯಿಲ್ಲ. ಓಡಲಾರದ ಫ್ರಿಗೇಟು ಫ್ರಿಗೇಟಲ್ಲ. ಲೆರ್ಮಿತ್ ನೌಕೆಯನ್ನು ದಡಕ್ಕೆ ಹತ್ತಿಸಿ, ಕೂವೆಮರಗಳನ್ನು ಕಡಿಸಿ, ನಾವಿಕರನ್ನು ದಡಕ್ಕೆ ಕಳುಹಿಸಿ, ತಾನು ಕೆಲವು ಅಧಿಕಾರಿಗಳೊಡನೆ ಅಲ್ಲಿಯೇ ಉಳಿದನು. ರಾತ್ರಿ ಇಂಗ್ಲಿಷರು ದೋಣಿಗಳಲ್ಲಿ ಬಂದು ಅವನನ್ನು ಸೆರೆಹಿಡಿದು ನೌಕೆಗೆ ಬೆಂಕಿಯಿಟ್ಟರು. ಶತ್ರುಗಳೂ ಅವನ ಧೈರ್ಯವನ್ನು ಗೌರವಿಸಿ ಬಿಡುಗಡೆಮಾಡಿದರು. ಮಂಗಳೂರಿಗೆ ಬಂದ ಆ ಹಡಗು ಸುಟ್ಟುಹೋದಾಗ ಶ್ರೀರಂಗಪಟ್ಟಣ ಬಿದ್ದು ಏಳು ತಿಂಗಳಾಗಿತ್ತು.

ಅಂತಹ ನೌಕೆಯನ್ನು ಇಂದು ಕಣ್ಣಾರೆ ನೋಡಬೇಕೆನ್ನುವವರಿಗೆ ಒಂದು ದಾರಿಯುಂಟು. ಅದರ ಕಥೆ ಸ್ವಾರಸ್ಯವಾಗಿದೆ. ೧೭೮೨ರಲ್ಲಿ ಇಂಗ್ಲಿಷರು ಫ್ರೆಂಚರ ‘ಎಬೇ’ ಎಂಬ ಫ್ರಿಗೇಟನ್ನು ಸೆರೆಹಿಡಿದರು. ಅದನ್ನು ರಚಿಸಿದವನು ಸಾನೇ ಎಂಬ ಪ್ರಸಿದ್ಧ ಶಿಲ್ಪಿ. ಅದರ ಮೈಕಟ್ಟು ಅವರಿಗೆ ಎಷ್ಟು ಮೆಚ್ಚಿಗೆಯಾಯಿತೆಂದರೆ, ಅಳತೆ ತೆಗೆದು ಅದೇ ನಮೂನೆಯಲ್ಲಿ ತಮ್ಮ ಫ್ರಿಗೇಟುಗಳನ್ನು ಕ್ರಮವಾಗಿ ಕಟ್ಟಿಸತೊಡಗಿದರು. ಅವುಗಳಲ್ಲೊಂದನ್ನು ಮುಂಬಯಿಯಲ್ಲಿ ಕಟ್ಟಿಸಲು ನಕ್ಷೆಗಳನ್ನು ‘ಜಾವಾ’ ಎಂಬ ಹಡಗಿನಲ್ಲಿ ಕಳುಹಿಸಿದರು. ೧೮೧೨ರಲ್ಲಿ ಅಮೆರಿಕದವರು ಆ ಹಡಗನ್ನು ಸೋಲಿಸಿ ಸುಟ್ಟುಹಾಕಿದುದರಿಂದ ನಕ್ಷೆಗಳೂ ಹೋದುವು. ಆ ಜಾವಾ ಕೂಡ ಮೂಲತಃ ಫ್ರೆಂಚರಿಂದ ಕಿತ್ತುಕೊಂಡ ಫ್ರಿಗೇಟೇ ಆಗಿತ್ತು! ಮತ್ತೆ ನಕ್ಷೆಗಳು ಬಂದುವು. ಮುಂಬಯಿಯ ಪಾರಸಿ ಶಿಲ್ಪಿ ಜಮ್ಶೆಟ್ಜಿ ಬಮನ್‌ಜಿ ವಾಡಿಯಾ ತೇಗದ ಮರದಿಂದ ಅದನ್ನು ಕಟ್ಟಿ ೧೮೧೭ರ ಅಕ್ಟೋಬರ್ ೧೨ರಂದು ನೀರಿಗಿಳಿಸಿದನು. ‘ಟ್ರಿಂಕೋಮಲಿ’ ಎಂದು ಅದರ ಹೆಸರು. ಫ್ರೆಂಚರ ರೇಖೆ, ಮಲಬಾರಿನ ತೇಗ, ಮುಂಬಯಿಯ ಕೈ. ಇಂಗ್ಲೆಂಡಿನ ಹಾರ್ಟಲ್‌ಪೂಲ್ ಊರಿನಲ್ಲಿ ಅದು ಇನ್ನೂ ನೀರಿನ ಮೇಲೆ ನಿಂತಿದೆ. ಜನರು ಟಿಕೇಟು ಕೊಂಡು ಹತ್ತಿ, ತೋಪುಗಳ ಅಟ್ಟದಲ್ಲಿ ತಲೆ ಬಗ್ಗಿಸಿಕೊಂಡು ನಡೆದಾಡಿ ಬರುತ್ತಾರೆ.